ಶಾನುಭೋಗಿಕೆ ಹೋಯಿತು, ಅನುಕಂಪ ಉಳಿಯಿತು

ಅನುಕಂಪದ ನೌಕರಿಗೆ ಹಾಕಿದ ಅರ್ಜಿಯ ಕಡತ ಬಿಚ್ಚಿದರೆ ಮರಣ ಪ್ರಮಾಣಪತ್ರದ ಬೆನ್ನಿಗೇ ಸಾಮಾನ್ಯವಾಗಿ ಒಂದು ವಂಶವೃಕ್ಷ ಸಿಗುತ್ತದೆ. ತೀರಿಕೊಂಡ ನೌಕರರ ಹೆಸರು ಮೇಲೆ, ಹೆಂಡತಿ ಮಕ್ಕಳ ಹೆಸರು ಕೆಳಗೆ. ಸಂವಿಧಾನದ 16ನೇ ವಿಧಿ ನೋಡಿದರೆ ವಂಶದ ಕಾರಣಕ್ಕೆ ಸರ್ಕಾರಿ ಕೆಲಸದಲ್ಲಿ ಭೇದ ಮಾಡಕೂಡದು ಎನ್ನುತ್ತದೆ. ಹಾಗಿದ್ದಮೇಲೆ ವಂಶವೃಕ್ಷ ಹಿಡಿದು ಬಂದವರಿಗೆ ಸ್ಪರ್ಧಾತ್ಮಕ ಪರೀಕ್ಷೆಯಿಲ್ಲದೆ, ಮೆರಿಟ್ ಪಟ್ಟಿಯಿಲ್ಲದೆ ನೇಮಕಾತಿ ಆದೇಶ ಕೊಡುವುದು ಹೇಗೆ? ಈ ಪ್ರಶ್ನೆಗೆ ಒಪ್ಪುವಂಥ ಉತ್ತರ ಹುಡುಕಿಕೊಳ್ಳಲು ನಮ್ಮ ನ್ಯಾಯಾಲಯಗಳಿಗೆ ಮೂರು ದಶಕಕ್ಕೂ ಹೆಚ್ಚು ಹಿಡಿಯಿತು.

ಕತೆ ಶುರುವಾಗುವುದು ಸಾವಿನಿಂದಲ್ಲ, ಗುಂಟೂರು ಜಿಲ್ಲೆಯ ಒಂದು ಗ್ರಾಮ ಮುನಸೀಫನ ಹುದ್ದೆಯಿಂದ. ಹುದ್ದೆ ಹಿಂದಿದ್ದವರ ಮನೆತನಕ್ಕೇ ಹೋಗಬೇಕೆಂದು 1895ರ ಮದ್ರಾಸ್ ಕಾಯ್ದೆ ಹೇಳುತ್ತಿತ್ತು. ಹೊರಗಿನ ಅರ್ಜಿದಾರರೊಬ್ಬರು ಸುಪ್ರೀಂ ಕೋರ್ಟಿನವರೆಗೂ ಹೋದರು. ಮುನಸೀಫಿಕೆಯೂ ಸರ್ಕಾರದ ಹುದ್ದೆಯೇ, ಅದನ್ನು ವಂಶಕ್ಕೆ ಬರೆದುಕೊಡಲಾಗದು ಎಂದು 1960ರ ಡಿಸೆಂಬರಿನಲ್ಲಿ ತೀರ್ಪಾಯಿತು. ನಮ್ಮಲ್ಲೂ 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ಬಂದು, ಅಪ್ಪನಿಂದ ಮಗನಿಗೆ ದಾಟುತ್ತಿದ್ದ ಶಾನುಭೋಗಿಕೆ, ಪಟೇಲಿಕೆ ಮುಗಿದವು.

ಬಾಗಿಲು ಮುಚ್ಚಿತು ಎನ್ನುವಂತಿರಲಿಲ್ಲ. ಸೇವೆಯಲ್ಲಿದ್ದಾಗಲೇ ಕಣ್ಮುಚ್ಚಿದ ನೌಕರರ ಮನೆಯವರಿಗೆ ಕೆಲಸ ಕೊಡುವ ಪದ್ಧತಿ ಕೇಂದ್ರದಲ್ಲೂ ರಾಜ್ಯಗಳಲ್ಲೂ ಬೆಳೆದಿತ್ತು. ಗಡಿ ರಸ್ತೆಗಳ ಇಲಾಖೆಯ ಸ್ಟೋರ್‌ಕೀಪರ್ ಒಬ್ಬರು 1982ರಲ್ಲಿ ತೀರಿಕೊಂಡರು. ಪತ್ನಿ ಅದೇ ವರ್ಷ ಅರ್ಜಿ ಹಾಕಿ, ಇಲಾಖೆ ನಡೆಸಿದ ಪರೀಕ್ಷೆಯಲ್ಲೂ ಪಾಸಾದರು. ಇಲಾಖೆ ಕಡತದ ಮೇಲೆ ಕೂತಿತು. ಕೊನೆಗೆ, 1985ರಿಂದ ಹೆಂಗಸರ ನೇಮಕ ನಿಲ್ಲಿಸಿದ್ದೇವೆ ಎಂದು ಕೈಚೆಲ್ಲಿತು. 1989ರಲ್ಲಿ ಸುಪ್ರೀಂ ಕೋರ್ಟ್ ಆಕೆಗೆ ಕೆಲಸ ಕೊಡಿಸಿತು. ಇಂಥ ಅರ್ಜಿಗಳನ್ನು ಕಾಯಿಸಬಾರದು, ಹುದ್ದೆ ಖಾಲಿ ಇಲ್ಲದಿದ್ದರೆ ಹೆಚ್ಚುವರಿ ಹುದ್ದೆ ಸೃಷ್ಟಿಸಿಯಾದರೂ ಕೊಡಿ ಎಂದಿತು. ಅವಸರ ಏಕೆಂದರೆ ಮನೆಗೆ ಬಂದಿರುವ ಕಷ್ಟ ಈಗಿನದು. ಮುಂದಿನ ಉತ್ತರದ ಬೀಜ ಇಲ್ಲೇ ಬಿದ್ದಿತ್ತು.

1993ರಲ್ಲಿ ಅದೇ ಕೋರ್ಟ್, ಬರೀ ವಂಶದ ಆಧಾರದ ನೇಮಕ ಸಂವಿಧಾನಬಾಹಿರ, ದುಡಿಯುವವರು ಬೇರಾರೂ ಇಲ್ಲದ ಮೃತ ನೌಕರರ ಮನೆಗೆ ಮಾತ್ರ ವಿನಾಯಿತಿ ಎಂದಿತು. ಪೂರ್ತಿ ಉತ್ತರ ಸಿಕ್ಕಿದ್ದು 1994ರ ಮೇ 4ರಂದು, ಹರಿಯಾಣದಿಂದ ಬಂದ ಪ್ರಕರಣದಲ್ಲಿ. ನೌಕರ ಸತ್ತ ಮಾತ್ರಕ್ಕೆ ಮನೆಯವರಿಗೆ ಹಕ್ಕು ಹುಟ್ಟುವುದಿಲ್ಲ. ಅಪ್ಪ ಕೂತ ಕುರ್ಚಿಯೇ ಬೇಕೆನ್ನುವಂತಿಲ್ಲ, ಸಿಗುವುದು ಮೂರನೇ ಮತ್ತು ನಾಲ್ಕನೇ ದರ್ಜೆಯ ಕೆಳಹಂತದ ಹುದ್ದೆ ಮಾತ್ರ. ಮನೆಯ ಹಣಕಾಸು ನೋಡಬೇಕು. ಸಂಬಳ ನಿಂತು ದಿಕ್ಕು ತೋಚದ ಹೊತ್ತು ದಾಟಿಸುವುದಷ್ಟೇ ಉದ್ದೇಶ, ಆ ಹೊತ್ತು ಕಳೆದು ವರ್ಷಗಳಾದ ಮೇಲೆ ಕೇಳುವಂತಿಲ್ಲ. ಅಂದರೆ ಸರ್ಕಾರ ಕೊಡುವುದು ಆಸ್ತಿಯ ಪಾಲಲ್ಲ, ಆಪತ್ತಿನ ನೆರವು. ಶಾನುಭೋಗಿಕೆಗೂ ಅನುಕಂಪಕ್ಕೂ ನಡುವಿನ ಗೆರೆ ಹೀಗೆ ಸಿಕ್ಕಿತು. ಇಂದಿಗೂ ಅನುಕಂಪದ ನೌಕರಿಯ ತೀರ್ಪುಗಳು ಈ ಪ್ರಕರಣವನ್ನು ಮತ್ತೆ ಮತ್ತೆ ನೆನೆಯುತ್ತವೆ.

ಗೆರೆ ಸಿಕ್ಕಿದ್ದೇನೋ ಸರಿ, ನಿಯಮ ಬರೆಯುವವರ ಕೈಗೆ ಅದು ಹತ್ತಲಿಲ್ಲ. ಎರಡು ವರ್ಷದ ನಂತರ ಬಂದ ಕರ್ನಾಟಕದ 1996ರ ನಿಯಮಗಳಲ್ಲಿ ಮಗನಿಗೆ ಮದುವೆಯ ಪ್ರಶ್ನೆ ಇಲ್ಲ, ಮಗಳು ಮಾತ್ರ ಅವಿವಾಹಿತಳೋ ವಿಧವೆಯೋ ಆಗಿರಬೇಕು. ಅಳೆಯಬೇಕಾದ್ದು ಮನೆಯ ಕಷ್ಟ. ಅಳೆದದ್ದು ಕೊರಳಿನ ತಾಳಿ.

ಇದರ ಫಲ ಎಷ್ಟು ವಿಚಿತ್ರವಿತ್ತು ಎನ್ನಲು ಮಂಡ್ಯದ ಪ್ರಕರಣವೊಂದೇ ಸಾಕು. ಜಿಲ್ಲಾ ಖಜಾನೆಯ ದ್ವಿತೀಯ ದರ್ಜೆ ಸಹಾಯಕಿ 2012ರ ಮಾರ್ಚ್ 25ರಂದು ತೀರಿಕೊಂಡರು. ಮಗಳಿಗೆ ಮದುವೆಯಾಗಿತ್ತು. ಸೆಪ್ಟೆಂಬರಿನಲ್ಲಿ ಪರಸ್ಪರ ಒಪ್ಪಿಗೆಯ ವಿಚ್ಛೇದನಕ್ಕೆ ಅರ್ಜಿ, 2013ರ ಮಾರ್ಚ್ 20ರಂದು ಡಿಕ್ರಿ, ಮಾರ್ಚ್ 21ರಂದು ನೌಕರಿಗೆ ಅರ್ಜಿ! ಇಲಾಖೆ ಒಲ್ಲೆ ಎಂದಿತು, ಹೈಕೋರ್ಟ್ ಮಗಳ ಪರ ನಿಂತಿತು. 2021ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಳ್ಳಿಹಾಕಿತು. ತಾಯಿ ಸತ್ತ ದಿನ ಮದುವೆ ಊರ್ಜಿತದಲ್ಲಿತ್ತು, ನಿಯಮದಲ್ಲಿ ವಿಚ್ಛೇದಿತ ಮಗಳ ಉಲ್ಲೇಖವಿಲ್ಲ, ವಿಚ್ಛೇದನವೇ ನೌಕರಿಗಾಗಿ ಪಡೆದಂತೆ ಕಾಣುತ್ತದೆ ಎಂದಿತು. ತಾರೀಖುಗಳನ್ನು ಸಾಲಾಗಿ ಇಟ್ಟು ನೋಡಿದರೆ ನ್ಯಾಯಮೂರ್ತಿಗಳ ಅನುಮಾನ ಅರ್ಥವಾಗುತ್ತದೆ. ಆದರೆ ಮದುವೆ ಮುರಿದುಕೊಂಡರಷ್ಟೇ ಅರ್ಜಿ ನಿಲ್ಲಬಹುದು ಎಂಬ ಆಸೆ ಹುಟ್ಟಿಸಿದ ನಿಯಮವನ್ನು ಯಾರು ಅನುಮಾನಿಸಬೇಕು?

ಅದನ್ನು ಅನುಮಾನಿಸಿದ್ದು ಬೆಳಗಾವಿ ಜಿಲ್ಲೆಯ ಇನ್ನೊಬ್ಬ ಮಗಳು. ಕುಡಚಿಯ ಎಪಿಎಂಸಿಯಲ್ಲಿ ಕಾರ್ಯದರ್ಶಿಯಾಗಿದ್ದ ಆಕೆಯ ತಂದೆ 2016ರಲ್ಲಿ ತೀರಿಕೊಂಡಿದ್ದರು. ಮದುವೆಯಾಗಿದೆ ಎಂಬ ಕಾರಣಕ್ಕೆ ಅರ್ಜಿ ವಾಪಸಾದಾಗ ಆಕೆ ಪ್ರಶ್ನಿಸಿದ್ದು ನಿಯಮವನ್ನೇ. 2020ರ ಡಿಸೆಂಬರ್ 15ರಂದು ಹೈಕೋರ್ಟಿನ ನ್ಯಾಯಮೂರ್ತಿ ಎಂ. ನಾಗಪ್ರಸನ್ನ, ಮದುವೆ ಮಗನ ಹಕ್ಕನ್ನು ಕಿತ್ತುಕೊಳ್ಳದಿದ್ದರೆ ಮಗಳದ್ದನ್ನೂ ಕಿತ್ತುಕೊಳ್ಳಲಾಗದು ಎಂದು ಹೇಳಿ, ಅವಿವಾಹಿತಳಾಗಿರಬೇಕೆಂಬ ಷರತ್ತನ್ನು ರದ್ದುಮಾಡಿದರು. 2021ರಲ್ಲಿ ಸರ್ಕಾರ ನಿಯಮವನ್ನೂ ತಿದ್ದಿತು. ಆ ವರ್ಷದ ಡಿಸೆಂಬರಿನಲ್ಲಿ, ಮಂಡ್ಯದ ಮಗಳು ಸೋತ ಮೂರು ತಿಂಗಳಿಗೆ, ಕುಡಚಿ ತೀರ್ಪಿನ ವಾದವನ್ನು ಸುಪ್ರೀಂ ಕೋರ್ಟೂ ಒಪ್ಪಿತು.

ಇದರಿಂದ ಮದುವೆಯಾದ ಮಗಳಿಗೆಲ್ಲ ಕೆಲಸ ಗ್ಯಾರಂಟಿ ಎಂದುಕೊಂಡವರಿದ್ದಾರೆ. ಹಾಗಲ್ಲ. ತಂದೆಯನ್ನೋ ತಾಯಿಯನ್ನೋ ನೆಚ್ಚಿ ಬದುಕುತ್ತಿದ್ದೆ ಎಂದು ಆಕೆ ತೋರಿಸಲೇಬೇಕು. ಇನ್ನು ಕುಟುಂಬ ಎಂದರೆ ಯಾರು ಎಂಬುದನ್ನು ಈಗಲೂ ನಿಯಮವೇ ಹೇಳುತ್ತದೆ. ಬೆಸ್ಕಾಂ ನೌಕರರೊಬ್ಬರ ಸೋದರಿ 2023ರಲ್ಲಿ ಹೈಕೋರ್ಟಿಗೆ ಹೋದಾಗ, ಮದುವೆಯಾಗಿದ್ದ ನೌಕರನ ಅಕ್ಕತಂಗಿಯರು ಆ ಪಟ್ಟಿಯಲ್ಲಿಲ್ಲ, ಪಟ್ಟಿಗೆ ಹೆಸರು ಸೇರಿಸುವುದು ಕೋರ್ಟಿನ ಕೆಲಸವೂ ಅಲ್ಲ ಎಂಬ ಉತ್ತರ ಸಿಕ್ಕಿತು.