ಭೂತಾಳ ಪಾಂಡ್ಯನ ಕಾಲವಿಚಾರ

ಬ್ರಹ್ಮಾವರ ತಾಲೂಕಿನ ಬಾರಕೂರಿಗೆ ಸೇರಿದ ಭೂತಾಳ ಪಾಂಡ್ಯನ ವೃತ್ತಾಂತವು ಪ್ರಾಚೀನ ರಹಸ್ಯಗಳನ್ನು ಅರಸುವ ಸ್ವತಂತ್ರ ಸಂಶೋಧಕರಿಗೆ ಪ್ರಿಯವಾದ ವಿಷಯ. ದೇವಪಾಂಡ್ಯನ ಹಡಗುಗಳು ಕಡಲಿಗಿಳಿಯಬೇಕಾದರೆ ನರಬಲಿ ಬೇಕೆಂದು ಕುಂಡೋದರ ಭೂತವು ಕೇಳಿತು. ಮಡದಿಯು ಮಕ್ಕಳನ್ನು ಕೊಡಲೊಪ್ಪದಿರಲು, ಸೋದರಿಯು ತನ್ನ ಮಗ ಜಯಪಾಂಡ್ಯನನ್ನು ಒಪ್ಪಿಸಿದಳು. ಭೂತವು ಅವನನ್ನು ಉಳಿಸಿ ಭೂತಾಳ ಪಾಂಡ್ಯನೆಂದು ಹೆಸರಿಟ್ಟಿತು. ಅವನೇ ಅಳಿಯಸಂತಾನದ ಕಟ್ಟನ್ನು ವಿಧಿಸಿದನೆಂಬುದು ಐತಿಹ್ಯ. ಇದರ ಕಾಲವನ್ನು ಕ್ರಿ.ಶ. 77 ಎನ್ನುವುದುಂಟು.

ಈ ಕಾಲವನ್ನು ಒಪ್ಪುವುದು ಕಷ್ಟ. ಕನ್ನಡದ ಹಲ್ಮಿಡಿ ಶಾಸನವೇ ಸುಮಾರು ಕ್ರಿ.ಶ. 450ರದು, ಇದೇ ಸೀಮೆಯ ವಡ್ಡರ್ಸೆಯ ಆಳುಪ ಶಾಸನವು 7ನೆಯ ಶತಮಾನದ್ದು. ‘ಅಳಿಯಸಂತಾನದ ಕಟ್ಟುಕಟ್ಟಳೆ’ಯ ಭಾಷೆಯಾದರೋ ತೀರ ಈಚಿನದು. 19ನೆಯ ಶತಮಾನದಲ್ಲಿಯೇ ಎ. ಸಿ. ಬರ್ನೆಲ್ ಅದನ್ನು ಕೃತಕವೆಂದು ತಳ್ಳಿಹಾಕಿದ್ದರು. ಗ್ರಂಥದೊಳಗೆ ಹೇಳಿದ ವರ್ಷವು ಗ್ರಂಥರಚನೆಯ ವರ್ಷವಾಗಬೇಕೆಂದಿಲ್ಲ.

ಆದರೆ ಗ್ರಂಥವು ಕೃತಕವಾದ ಮಾತ್ರಕ್ಕೆ ಪದ್ಧತಿಯು ಕೃತಕವಾಗದು. ತುಳುನಾಡಿನ ಜೈನರೂ ಸೇರಿದಂತೆ ಅನೇಕ ಕುಟುಂಬಗಳ ಆಸ್ತಿಯು ತಾಯಿಯ ಕಡೆಯಿಂದಲೇ ಇಳಿದುಬಂದಿತು. 1949ರ ಮದ್ರಾಸ್ ಅಳಿಯಸಂತಾನ ಕಾಯಿದೆಯು ಆ ಪದ್ಧತಿಯನ್ನು ಮನ್ನಿಸಿತು. ಆದುದರಿಂದ ಐತಿಹ್ಯವನ್ನು ಜನರ ನೆನಪೆಂದು ಗೌರವಿಸಿ, ಗ್ರಂಥದ ಕಾಲವನ್ನು ಲಿಪಿ, ಭಾಷೆಗಳಿಂದ ನಿರ್ಣಯಿಸುವುದೇ ಸರಿಯಾದ ಮಾರ್ಗ.