ಕುರ್ಚಿಯ ಮೇಲಿನ ಅಳುಕು

ಗಿರೀಶ ಕಾರ್ನಾಡರ ಹೆಸರೆತ್ತಿದರೆ ಧಾರವಾಡದಲ್ಲಿ ಮಾತು ನಾಟಕಕ್ಕೇ ಹೋಗಿ ನಿಲ್ಲುತ್ತದೆ. ಮನೋಹರ ಗ್ರಂಥಮಾಲೆಯ ಅಟ್ಟ, 1961ರಲ್ಲಿ ಅದು ಪ್ರಕಟಿಸಿದ ‘ಯಯಾತಿ’, ಮೂರು ವರ್ಷದ ಮೇಲೆ ಬಂದ ‘ತುಘಲಕ್’, 1998ರ ಜ್ಞಾನಪೀಠ. ಸಿನಿಮಾದ ಪಾತ್ರಗಳ ಪ್ರಸ್ತಾಪ ಬಂದರೆ ‘ಅದು ಹೊಟ್ಟೀಪಾಡಿಗೆ ಮಾಡಿದ್ದು ಬಿಡ್ರಿ’ ಎಂದು ಮುಗಿಸಿಬಿಡುವವರೇ ಹೆಚ್ಚು. ಇದಕ್ಕೆ ಕಾರ್ನಾಡರೂ ಇಂಬು ಕೊಟ್ಟರು. ಬರೆಯಲು ಬಿಡುವು ಬೇಕು, ಬಿಡುವಿಗೆ ದುಡ್ಡು ಬೇಕು, ದುಡ್ಡು ನಟನೆಯಿಂದ ಬರುತ್ತದೆ ಎಂಬ ಲೆಕ್ಕವನ್ನು ಅವರು ಮುಚ್ಚಿಡಲಿಲ್ಲ. ಆದರೆ ಕೆಲಸ ಮಾಡಿದವನು ತನ್ನ ಕೆಲಸದ ಬಗ್ಗೆ ಹೇಳಿದ್ದನ್ನೇ ಕೊನೆಯ ತೀರ್ಪೆಂದು ಒಪ್ಪಬೇಕಾಗಿಲ್ಲ. 1970ರ ‘ಸಂಸ್ಕಾರ’ದಿಂದ 2017ರ ‘ಟೈಗರ್ ಜಿಂದಾ ಹೈ’ವರೆಗಿನ ಅವರ ಮುಖ್ಯ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿ: ಆಚಾರ್ಯ, ಮಾಸ್ತರ, ಡಾಕ್ಟರ, ಅಪ್ಪ, ಗುರು, ರಾಜ್ಯಪಾಲ, ಕ್ರಿಕೆಟ್ ಕೋಚ್, ಗೂಢಚಾರರ ಮುಖ್ಯಸ್ಥ. ಎಲ್ಲರೂ ಯಾವುದೋ ಒಂದು ಕುರ್ಚಿಯ ಮೇಲೆ ಕೂತವರು, ನಾಲ್ಕು ಜನ ಯಾರ ಮಾತು ಕೇಳಬೇಕೋ ಅಂಥವರು. ಇವರಲ್ಲಿ ಹೆಚ್ಚಿನವರ ಕುರ್ಚಿಯ ಒಂದು ಕಾಲು ಸಡಿಲ. ಹಾಗೆ ಕೂತವನ ಅಳುಕು ‘ತುಘಲಕ್’ ನಾಟಕದ ವಸ್ತು ಹೌದಾದರೆ, ಅದೇ ಅಳುಕಿಗೆ ಕಾರ್ನಾಡರು ತೆರೆಯ ಮೇಲೆ ಮೈ ಕೊಟ್ಟರು ಎಂಬುದು ನನ್ನ ವಾದ.

ಮೊದಲ ಸಾಕ್ಷಿ ‘ಸಂಸ್ಕಾರ’. ಆಕ್ಸ್‌ಫರ್ಡಿನಿಂದ ಮರಳಿದ ಕಾರ್ನಾಡರು 1963ರಿಂದ ಏಳು ವರ್ಷ ಮದರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನ ನೌಕರಿಯಲ್ಲಿದ್ದರು. ಸಂಜೆಯ ಹೊತ್ತು ಮದ್ರಾಸ್ ಪ್ಲೇಯರ್ಸ್ ಎಂಬ ಹವ್ಯಾಸಿ ತಂಡದ ಒಡನಾಟ. ಪಟ್ಟಾಭಿರಾಮ ರೆಡ್ಡಿ, ಸ್ನೇಹಲತಾ ರೆಡ್ಡಿಯವರ ಆ ಬಳಗದಿಂದಲೇ ಈ ಚಿತ್ರ ಹುಟ್ಟಿತು. ಅನಂತಮೂರ್ತಿಯವರ ಕಾದಂಬರಿಗೆ ಚಿತ್ರಕಥೆ ಬರೆದವರೂ ಕಾರ್ನಾಡರು, ಪ್ರಾಣೇಶಾಚಾರ್ಯರಾಗಿ ನಿಂತವರೂ ಅವರೇ. ನಾರಣಪ್ಪನಾಗಿ ಪಿ. ಲಂಕೇಶ್ ತೆರೆಯ ಮೇಲೆ ಬಂದಾಗ ಜಾಗವೆಲ್ಲ ಅವರದೇ ಆಗುತ್ತದೆ, ಆಚಾರ್ಯರದು ಹಾಗಲ್ಲ. ಅಗ್ರಹಾರಕ್ಕೆಲ್ಲ ಶಾಸ್ತ್ರ ಹೇಳುವ ಮನುಷ್ಯ, ಆಚಾರ ಮುರಿದು ಸತ್ತ ನಾರಣಪ್ಪನ ಹೆಣ ಸುಡುವವರು ಯಾರು ಎಂಬ ಪ್ರಶ್ನೆಗೆ ತನ್ನ ಓಲೆಗರಿಗಳಲ್ಲಿ ಉತ್ತರ ಸಿಗದೆ ಒಳಗೇ ಕುಸಿಯಬೇಕು. ಕೂಗಾಡಿ ತೋರಿಸುವ ಕುಸಿತ ಇದಲ್ಲ. ಕಾರ್ನಾಡರು ಇಲ್ಲಿ ಮಾಡುವುದು ತೀರ ಕಡಿಮೆ, ಎದುರಿನವರ ಮಾತು ಕೇಳಿಸಿಕೊಳ್ಳುವುದೇ ಹೆಚ್ಚು. ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದಿದ್ದ ಈ ಚಿತ್ರ ಮುಂದೆ ರಾಷ್ಟ್ರಪತಿಗಳ ಸ್ವರ್ಣಪದಕ ಪಡೆಯಿತು. ಕನ್ನಡಕ್ಕೆ ಆ ಗೌರವ ಅದೇ ಮೊದಲು.

ಶ್ಯಾಮ ಬೆನಗಲ್ಲರು ಈ ಗುಣವನ್ನು ಗುರುತಿಸಿದ್ದಿರಬೇಕು. ‘ನಿಶಾಂತ್’ನಲ್ಲಿ (1975) ಕಾರ್ನಾಡರು ಹಳ್ಳಿಗೆ ಹೊಸದಾಗಿ ಬಂದ ಶಾಲಾಮಾಸ್ತರ. ಜಮೀನ್ದಾರನ ತಮ್ಮಂದಿರು ಹೆಂಡತಿಯನ್ನು ಎತ್ತಿಕೊಂಡು ಹೋಗುತ್ತಾರೆ, ಈತ ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ. ಕಾನೂನನ್ನು ನಂಬಿದ ಓದಿದವನ ಸೋಲು ಅದು. ಕೊನೆಗೆ ಊರನ್ನು ಎಬ್ಬಿಸುತ್ತಾನೆ, ಎದ್ದ ಊರು ಮಾತ್ರ ಇವನ ಮಾತಿಗೂ ನಿಲ್ಲುವುದಿಲ್ಲ, ಹೆಂಡತಿಯೂ ಆ ಗಲಭೆಯಲ್ಲಿ ಹೋಗುತ್ತಾಳೆ. ಮರುವರ್ಷದ ‘ಮಂಥನ್’ ಗುಜರಾತಿನ ಐದು ಲಕ್ಷ ಹೈನುಗಾರರು ತಲಾ ಎರಡು ರೂಪಾಯಿ ಹಾಕಿ ಮಾಡಿಸಿದ ಚಿತ್ರ. ಅದರ ಡಾಕ್ಟರ್ ರಾವ್ ವರ್ಗೀಸ್ ಕುರಿಯನ್ನರ ನೆರಳಿರುವ ಪಾತ್ರವಾದ್ದರಿಂದ ಅವನನ್ನು ವೀರನನ್ನಾಗಿ ನಿಲ್ಲಿಸುವುದು ಸುಲಭವಿತ್ತು. ಕಾರ್ನಾಡರ ರಾವ್ ಒಳ್ಳೆಯವನು, ತುಸು ಬಿಗುವಿನವನು, ಪಟ್ಟಣದಿಂದ ತಂದ ನ್ಯಾಯದ ಅಳತೆಗೋಲು ಹಳ್ಳಿಯ ಜಾತಿ ಲೆಕ್ಕಕ್ಕೆ ಹೊಂದದೆ ಒದ್ದಾಡುವವನು. ಅವನು ರೈಲು ಹತ್ತಿ ಹೋಗಿಬಿಡುತ್ತಾನೆ, ಸಂಘವನ್ನು ಉಳಿಸಿಕೊಳ್ಳುವವರು ಹಳ್ಳಿಯವರು. ನಸೀರುದ್ದೀನ್ ಶಾರ ಭೋಲಾ ಆ ರೈಲಿನ ಹಿಂದೆ ಓಡುವಾಗ ನಮ್ಮ ಕಣ್ಣು ಓಡುವವನ ಮೇಲಿರುತ್ತದೆ. ಹಾಗಿರಲು ಬಿಟ್ಟುಕೊಟ್ಟದ್ದು ಕೂಡ ನಟನೆಯೇ. ಇಂಥವರಿಗೆ ನಮ್ಮಲ್ಲಿ ಪೋಷಕ ನಟ ಎಂಬ ಹೆಸರಿದೆ. ಇಂಗ್ಲಿಷಿನಲ್ಲಿ ಇಲ್ಲದ ತಾಯ್ತನವೊಂದು ಆ ಶಬ್ದದಲ್ಲಿದೆ.

ಎದುರುವಾದಗಳು ಇಲ್ಲದಿಲ್ಲ. ದುಡ್ಡಿಗೆ ಮಾಡಿದ್ದನ್ನು ಕಲೆ ಅನ್ನಬೇಕೇ ಎಂಬುದು ಒಂದು. 1994ರ ತಮಿಳು ‘ಕಾದಲನ್’ನಲ್ಲಿ ಅವರು ಮಾಡಿದ ಖಳ ರಾಜ್ಯಪಾಲನ ಪಾತ್ರವನ್ನು ಈ ಮಾತಿಗೆ ಉದಾಹರಣೆ ಕೊಡುವುದುಂಟು. ಆದರೆ ಈ ಆಕ್ಷೇಪ ಹುಬ್ಬಳ್ಳಿ–ಧಾರವಾಡದ ಬಾಯಲ್ಲಿ ಒಪ್ಪುವುದಿಲ್ಲ. ಕಂಪನಿ ನಾಟಕಗಳ ಸೀಮೆ ಇದು. ಸ್ತ್ರೀಪಾತ್ರಗಳಿಂದ ಹೆಸರು ಮಾಡಿ, ಕಲಾವೈಭವ ನಾಟ್ಯಸಂಘ ಕಟ್ಟಿ, ಬಸವಣ್ಣನ ಪಾತ್ರಕ್ಕೆ ಜನ ಕೈಮುಗಿಯುವಂತೆ ಮಾಡಿದ ಏಣಗಿ ಬಾಳಪ್ಪನವರು (1914–2017) ಅಂದಂದಿನ ಟಿಕೆಟ್ಟಿನ ದುಡ್ಡಿನಲ್ಲೇ ಕಂಪನಿ ನಡೆಸಿದರು. ಅವರ ಕಲೆಯನ್ನು ಯಾರೂ ಹೊಟ್ಟೆಪಾಡೆಂದು ತಳ್ಳಿಹಾಕಲಿಲ್ಲ. ಓದಿದವರು ಮಾಡಿದರೆ ಮಾತ್ರ ಹೊಟ್ಟೆಪಾಡು ಕೀಳಾಗುವುದೇಕೆ?

ಎರಡನೆಯ ಆಕ್ಷೇಪಕ್ಕೆ ಹೆಚ್ಚು ಬಲವಿದೆ. ಕಾರ್ನಾಡರು ಎಲ್ಲಿ ಹೋದರೂ ಕಾರ್ನಾಡರೇ, ಅದೇ ದನಿ, ಅದೇ ಗತ್ತು ಎನ್ನುತ್ತಾರೆ. ಬಾಳಪ್ಪನವರ ಪಕ್ಕದಲ್ಲಿ ನಿಲ್ಲಿಸಿದರೆ ಕೊರತೆ ಎದ್ದು ಕಾಣುತ್ತದೆ. ಕೊನೆಯ ಸಾಲಿನವನಿಗೆ ಕೇಳುವಂತೆ ಹಾಡಬೇಕು, ಕುಣಿಯಬೇಕು, ಹೆಣ್ಣಾಗಬೇಕು ಎಂಬ ಕಂಪನಿಯ ಗರಡಿಯಲ್ಲಿ ಅವರು ಪಳಗಿದವರಲ್ಲ. ಶಿರಸಿಯ ಬಾಲ್ಯದಲ್ಲಿ ಕಂಪನಿ ನಾಟಕ, ಯಕ್ಷಗಾನಗಳನ್ನು ನೋಡಿದ್ದು ಪ್ರೇಕ್ಷಕನಾಗಿ. ರಂಗದ ಮೇಲೆ ನಟನಾಗಿ ಅವರ ಖಾತೆ ಚಿಕ್ಕದು, ಹೆಚ್ಚಾಗಿ ಹವ್ಯಾಸಿಯದು. ನೇಗಿಲು ಹಿಡಿದ ರೈತನಾಗಿ ಅವರನ್ನು ಕಲ್ಪಿಸಿಕೊಳ್ಳುವುದು ನನಗೂ ಕಷ್ಟ. ಇಷ್ಟನ್ನು ಒಪ್ಪಿಕೊಂಡೇ ಎರಡು ಪಾತ್ರಗಳನ್ನು ಮುಂದಿಡುತ್ತೇನೆ. ಎಂಬತ್ತರ ದಶಕದಲ್ಲಿ ಶಂಕರನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ನಲ್ಲಿ ಅವರು ಸ್ವಾಮಿಯ ತಂದೆ. ಮಗನಿಗೆ ಮನೆಯಲ್ಲಿ ಭಯ ಹುಟ್ಟಿಸುವುದೇ ತಂದೆಯ ಕೆಲಸ ಎಂದುಕೊಂಡ ಆ ಕಾಲದ ಗೃಹಸ್ಥ. ಮಗ ಕಾಣೆಯಾದಾಗ ಆ ಗತ್ತು ಎಷ್ಟು ತೆಳುವಿತ್ತೆಂದು ತಿಳಿಯುತ್ತದೆ. 1990ರಲ್ಲಿ ಟಿ.ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಬಂತು. ಶರೀಫರಾಗಿ ಶ್ರೀಧರ್, ಗುರು ಕಳಸದ ಗೋವಿಂದ ಭಟ್ಟರಾಗಿ ಕಾರ್ನಾಡ. ಶಿಶುನಾಳ, ಕಳಸ ಎರಡೂ ಆಗ ಧಾರವಾಡ ಜಿಲ್ಲೆಯ ಊರುಗಳು. ಭಟ್ಟರ ಕಥೆ ಇಲ್ಲಿ ಮನೆಮಾತು, ಹಾಗಾಗಿ ತಪ್ಪು ಹಿಡಿಯುವವರೂ ಇಲ್ಲಿಯೇ ಹೆಚ್ಚು. ಮುಸಲ್ಮಾನ ಶಿಷ್ಯನನ್ನು ಒಪ್ಪಿಕೊಂಡ ಬ್ರಾಹ್ಮಣ ಗುರುವಿನ ಪಾತ್ರ ಉಪದೇಶಕ್ಕೆ ಜಾರುವುದು ಬಲು ಸಲೀಸು. ಕಾರ್ನಾಡರ ಭಟ್ಟರು ಶಿಷ್ಯನಿಗೆ ಉಪಕಾರ ಮಾಡಿದವರಂತೆ ನಡೆದುಕೊಳ್ಳುವುದಿಲ್ಲ, ಲೋಕದ ಮುಲಾಜಿಲ್ಲದ ಸಲಿಗೆಯಲ್ಲಿರುತ್ತಾರೆ. ಕಾರ್ನಾಡರ ಸಾಲಿನಲ್ಲಿ ಅಳುಕೇ ಇಲ್ಲದ ಪಾತ್ರ ಇದೊಂದೇ ಇರಬೇಕು, ಭಟ್ಟರು ಕುರ್ಚಿಯಿಂದ ತಾವಾಗಿ ಇಳಿದು ಬಂದವರಲ್ಲವೇ. ಮುಖ ಅದೇ, ದನಿ ಅದೇ. ಸ್ವಾಮಿಯ ತಂದೆಯನ್ನು ಈ ಭಟ್ಟರ ಪಕ್ಕದಲ್ಲಿ ಕೂಡಿಸಿದರೆ ಇಬ್ಬರಿಗೂ ಮಾತೇ ಹೊಂದಲಾರದು.

ಕೊನೆಗಾಲದ ಹಿಂದಿ ಪಾತ್ರಗಳು ಚಿಕ್ಕವು. ನಾಗೇಶ ಕುಕುನೂರರ ‘ಇಕ್ಬಾಲ್’ನ (2005) ಗುರೂಜಿ ಬಡ ಹುಡುಗನಿಗೆ ಬೌಲಿಂಗ್ ಕಲಿಸಲು ಒಪ್ಪಿ, ಸಿರಿವಂತನ ಮಗನ ಸಲುವಾಗಿ ಅವನನ್ನು ಹೊರಗೆ ಹಾಕುವವನು, ನಾಟಕದ ಖಳನಲ್ಲ, ನಾವು ದಿನಾ ನಮಸ್ಕಾರ ಹೇಳುವ ಸಣ್ಣತನ. ಸಲ್ಮಾನ್ ಖಾನರ ಎರಡು ಟೈಗರ್ ಚಿತ್ರಗಳಲ್ಲಿ ಅವರು ಗೂಢಚಾರ ಸಂಸ್ಥೆಯ ಮುಖ್ಯಸ್ಥ ಶೆಣೈ. ಎರಡನೆಯದರ ಹೊತ್ತಿಗೆ ಕಾರ್ನಾಡರ ಶ್ವಾಸಕೋಶ ಸೋತಿತ್ತು, ಮೂಗಿಗೆ ಆಮ್ಲಜನಕದ ನಳಿಗೆ ಬಂದಿತ್ತು. ಅದನ್ನು ತೆಗೆದಿಟ್ಟು ನಟಿಸುವ ಸ್ಥಿತಿಯಿರಲಿಲ್ಲ. ನಳಿಗೆ ಶೆಣೈಯದೂ ಆಯಿತು. ಗುಂಡು, ಬಾಂಬುಗಳ ಆ ಗದ್ದಲದಲ್ಲಿ ದೇಶದ ಗುಟ್ಟುಗಳನ್ನೆಲ್ಲ ಬಲ್ಲ ಅಧಿಕಾರಿಯೊಬ್ಬ ಮೂಗಿನ ನಳಿಗೆಯಿಂದ ಉಸಿರೆಳೆದುಕೊಳ್ಳುತ್ತ, ಅವಸರವಿಲ್ಲದೆ ಆಜ್ಞೆ ಕೊಡುತ್ತಾನೆ.