ಪಟ್ಟಿಯಲ್ಲಿ ಹೆಸರಿದೆ, ದೇವಾಲಯವೆಲ್ಲಿ?

ಸೌದಿ ಅರೇಬಿಯಾದಲ್ಲಿ ದುಡಿಯುವ ನಮ್ಮ ಕರಾವಳಿಯ ಕಥೋಲಿಕರಿಗೆ ಬಲಿಪೂಜೆಯಲ್ಲಿ ಭಾಗವಹಿಸಲು ಅಲ್ಲಿ ಒಂದು ದೇವಾಲಯವೂ ಇಲ್ಲ. ವಿವಿಧ ರಾಷ್ಟ್ರಗಳಲ್ಲಿನ ಇಂತಹ ನಿರ್ಬಂಧಗಳ ಮೇಲೆ ನಿಗಾ ಇಡಲೆಂದು ಅಮೆರಿಕವು 1998ರಲ್ಲಿ ಅಂತರರಾಷ್ಟ್ರೀಯ ಧಾರ್ಮಿಕ ಸ್ವಾತಂತ್ರ್ಯ ಕಾಯಿದೆಯನ್ನು ಜಾರಿಗೆ ತಂದಿತು. ಅದರನ್ವಯ ಅಲ್ಲಿನ ಸರಕಾರವು ಪ್ರತಿವರ್ಷ ವರದಿ ಸಿದ್ಧಪಡಿಸಬೇಕು. ಘೋರ ಉಲ್ಲಂಘನೆ ನಡೆಯುವ ರಾಷ್ಟ್ರಗಳನ್ನು ‘ವಿಶೇಷ ಕಳವಳದ ದೇಶ’ಗಳೆಂದು ಹೆಸರಿಸಬೇಕು.

2004ರಲ್ಲಿ ಸೌದಿ ಅರೇಬಿಯಾ ಆ ಪಟ್ಟಿಗೆ ಸೇರಿತು. ಆದರೆ ಬಳಿಕ ಅಮೆರಿಕವು ತನ್ನ ರಾಷ್ಟ್ರಹಿತದ ಕಾರಣ ನೀಡಿ, ನಿರ್ಬಂಧಕ್ರಮಗಳಿಂದ ಅದಕ್ಕೆ ವಿನಾಯಿತಿ ಕೊಟ್ಟಿತು. ಕಾಯಿದೆಯಲ್ಲೇ ಅದಕ್ಕೆ ಅವಕಾಶವಿದೆ.

ಹಾಗೆಂದು ವರದಿ ವ್ಯರ್ಥವಲ್ಲ. ದಾಖಲಾದ ಅನ್ಯಾಯವನ್ನು ಸುಲಭವಾಗಿ ಅಲ್ಲಗಳೆಯಲಾಗದು. ಆದರೆ ಧಾರ್ಮಿಕ ಸ್ವಾತಂತ್ರ್ಯದ ಹಕ್ಕು ಮಾನವ ಘನತೆಯಲ್ಲೇ ನೆಲೆಗೊಂಡಿದೆಯೆಂದು ದ್ವಿತೀಯ ವ್ಯಾಟಿಕನ್ ಮಹಾಸಭೆಯು 1965ರಲ್ಲಿ ಸಾರಿತು. ಆ ಘನತೆಗೆ ವಿನಾಯಿತಿಯುಂಟೇ? ದೇವಾಲಯವಿಲ್ಲದೆಡೆ ವಿಶ್ವಾಸವನ್ನು ಕಾಯುತ್ತಿರುವ ನಮ್ಮವರನ್ನು ಕುಟುಂಬ ಪ್ರಾರ್ಥನೆಯಲ್ಲಿ ಸ್ಮರಿಸೋಣ.